ಬೆತ್ತ ಬಿಚ್ಚಿದ ಮೇಲೆ ರಥ ಎಲ್ಲಿ?

ತತ್ತ್ವಶಾಸ್ತ್ರದ ಮೊದಲ ಪಾಠಗಳಲ್ಲಿ ಥೀಸಿಯಸನ ಹಡಗು ಬಂದೇ ಬರುತ್ತದೆ. ಹಳೆಯ ಹಡಗಿನ ಹಲಗೆ ಕೊಳೆತಂತೆಲ್ಲ ಅಲ್ಲಲ್ಲಿಗೆ ಹೊಸ ಹಲಗೆ ಕೂರಿಸುತ್ತಾ ಹೋದರು. ಕೊನೆಗೆ ಮೂಲದ ಒಂದು ಹಲಗೆಯೂ ಉಳಿಯಲಿಲ್ಲ. ಈಗ ಬಂದರಿನಲ್ಲಿ ನಿಂತಿರುವುದು ಅದೇ ಹಡಗೋ, ಬೇರೆಯೋ? ಈ ಕಥೆಯನ್ನು ನಮಗೆ ದಾಟಿಸಿದ ಪ್ಲುಟಾರ್ಕ್, ತತ್ತ್ವಜ್ಞಾನಿಗಳು ಇದರ ಮೇಲೆ ಎರಡು ಪಂಗಡವಾಗಿದ್ದರೆಂದು ಬರೆದ. ಆ ಎರಡು ಪಂಗಡ ಇವತ್ತಿಗೂ ಹಾಗೆಯೇ ಇವೆ.

ಆದರೆ ಪಾಠ ಹೇಳುವವರು ಸಾಮಾನ್ಯವಾಗಿ ಬಿಟ್ಟುಬಿಡುವ ಒಂದು ಸಂಗತಿಯಿದೆ. ಆ ಹಡಗು ನೋಡುವುದಕ್ಕೆಂದು ಇಟ್ಟ ಹಡಗಲ್ಲ, ಹರಕೆಯ ಹಡಗು. ಕ್ರೀಟ್ ದ್ವೀಪಕ್ಕೆ ಬಲಿಯಾಗಿ ಹೋದ ಮಕ್ಕಳು ಥೀಸಿಯಸನೊಂದಿಗೆ ಜೀವಸಹಿತ ಮರಳಿದರೆ ಪ್ರತಿವರ್ಷವೂ ಡೀಲೋಸ್‌ಗೆ ಯಾತ್ರೆ ಕಳಿಸುತ್ತೇವೆಂದು ಅಥೆನ್ಸಿನ ಜನ ಅಪೊಲೋ ದೇವರಿಗೆ ಹೇಳಿಕೊಂಡಿದ್ದರು. ಹಡಗು ಹೊರಟು ಮರಳುವ ತನಕ ನಗರ ಮಡಿಯಲ್ಲಿರಬೇಕು, ಯಾರಿಗೂ ಮರಣದಂಡನೆ ಜಾರಿಯಾಗಬಾರದು. ಕ್ರಿ.ಪೂ. 399ರಲ್ಲಿ ಸಾಕ್ರೆಟಿಸನ ವಿಚಾರಣೆಯ ಹಿಂದಿನ ದಿನವೇ ಈ ಹಡಗಿಗೆ ಮಾಲೆ ತೊಡಿಸಿದ್ದರು. ಹಾಗಾಗಿ ಶಿಕ್ಷೆ ಘೋಷಣೆಯಾದರೂ ಹಡಗು ವಾಪಸಾಗುವವರೆಗೆ ಅವನಿಗೆ ವಿಷ ಕೊಡಲಿಲ್ಲ. ಮೂವತ್ತು ದಿನ ಹೀಗೆ ಕಳೆಯಿತೆಂದು ಅವನ ಶಿಷ್ಯ ಕ್ಸೆನೊಫನ್ ಬರೆದಿದ್ದಾನೆ. ಸೆರೆಮನೆಯ ಕಾವಲುಗಾರರಲ್ಲಿ ಯಾರೂ 'ಹಲಗೆಗಳೆಲ್ಲ ಹೊಸವು, ಇದು ಥೀಸಿಯಸನ ಹಡಗಲ್ಲ, ಆದ್ದರಿಂದ ಈ ಕಟ್ಟಳೆ ನಮಗೆ ಅನ್ವಯಿಸುವುದಿಲ್ಲ' ಎನ್ನಲಿಲ್ಲ.

ಹಲಗೆ ಬದಲಾಯಿಸಿದ್ದೇ ಹರಕೆ ತಪ್ಪಬಾರದೆಂದು. ಹಡಗನ್ನು ಹರಕೆಯಿಂದ ಬಿಡಿಸಿ, ಬರೀ ಮರದ ರಾಶಿಯಾಗಿ ಎದುರಿಗಿಟ್ಟುಕೊಂಡು ನೋಡಿದಾಗ ಮಾತ್ರ ಒಗಟು ಹುಟ್ಟುತ್ತದೆ. ವಿಚಾರಪ್ರಯೋಗಗಳ ಬಲವೂ ದೋಷವೂ ಇದೇ. ಅವು ಒಂದು ವಸ್ತುವನ್ನು ಅದರ ಕೊಡುಕೊಳ್ಳುವಿಕೆಯ ಲೋಕದಿಂದ ಎತ್ತಿ ಖಾಲಿ ಜಾಗದಲ್ಲಿ ಇಡುತ್ತವೆ. ನನ್ನ ವಾದ ಇಷ್ಟು: 'ಇದು ಅದೇ ಹೌದೇ?' ಎಂಬ ಪ್ರಶ್ನೆ ಬಹುಪಾಲು ಕಡೆ 'ಯಾರು ಯಾರಿಗೆ ಏನು ಬಾಕಿ ಇದ್ದಾರೆ?' ಎಂಬ ಪ್ರಶ್ನೆಯೇ. ಬಾಕಿಯ ಲೆಕ್ಕ ಸರಿಯಾಗಿ ಗೊತ್ತಾದರೆ ಗುರುತಿನ ಲೆಕ್ಕವೂ ತಿಳಿಯುತ್ತದೆ. ಈ ಮಾತನ್ನು ಪರೀಕ್ಷಿಸಲು ಅಥೆನ್ಸಿಗಿಂತ ಕುಕ್ಕೆ ಸುಬ್ರಹ್ಮಣ್ಯ ಒಳ್ಳೆಯ ಜಾಗ.

ಸುಬ್ರಹ್ಮಣ್ಯ ಊರೇ ಒಂದು ಸಣ್ಣ ಉದಾಹರಣೆ. 1956ರವರೆಗೆ ಮದರಾಸಿಗೆ ಸೇರಿದ್ದ ಈ ಊರು ಆಮೇಲೆ ಮೈಸೂರು ರಾಜ್ಯಕ್ಕೆ ಬಂತು. ಪುತ್ತೂರು ತಾಲೂಕಿನಲ್ಲಿದ್ದದ್ದು ಸುಳ್ಯ ತಾಲೂಕಾಯಿತು, ಈಗ ಕಡಬ ತಾಲೂಕು. ಕುಮಾರಧಾರೆ ಅಲ್ಲಿಯೇ, ಕುಮಾರಪರ್ವತ ಅಲ್ಲಿಯೇ. ಪಹಣಿಯ ತಲೆಬರಹ ಮಾತ್ರ ಬೇರೆ. ಇದರಿಂದ ಊರು ಬೇರೆಯಾಯಿತೆಂದು ಯಾರೂ ಹೇಳುವುದಿಲ್ಲ. ಆದರೆ ಕಂದಾಯ ಯಾರಿಗೆ ಕಟ್ಟಬೇಕು, ಅರ್ಜಿ ಎಲ್ಲಿ ಹಾಕಬೇಕು ಎಂಬಲ್ಲಿ ವ್ಯತ್ಯಾಸ ದೊಡ್ಡದೇ.

ರಥದ ವಿಷಯಕ್ಕೆ ಬರುತ್ತೇನೆ. ಮಾರ್ಗಶಿರ ಶುದ್ಧ ಷಷ್ಠಿಯಂದು, ಚಂಪಾಷಷ್ಠಿಯ ಬೆಳಗ್ಗೆ, ಕುಕ್ಕೆಯ ರಥಬೀದಿಯಲ್ಲಿ ಬ್ರಹ್ಮರಥ ಎಳೆಯುತ್ತಾರೆ. ಉಳಿದ ದಿನಗಳಲ್ಲಿ ಇರುವುದು ಕೆತ್ತನೆಯ ಮರದ ಅಡಿಭಾಗ ಮತ್ತು ಚಕ್ರ ಮಾತ್ರ. ಜಾತ್ರೆ ಹತ್ತಿರವಾದಾಗ ಮಲೆಕುಡಿಯ ಸಮುದಾಯದವರು ಕಾಡಿನಿಂದ ಬಿದಿರು, ಬೆತ್ತ ತಂದು ಮೇಲಿನದನ್ನು ಕಟ್ಟುತ್ತಾರೆ. ಹಗ್ಗ ಹಾಕುವುದಿಲ್ಲ. ಹಸಿ ಬೆತ್ತವನ್ನು ಉದ್ದಕ್ಕೆ ಸೀಳಿ, ಒಳಮೈಯ ತಿರುಳನ್ನು ಕತ್ತಿಯಿಂದ ಸವರಿ, ಬಾಗುವಷ್ಟು ತೆಳ್ಳಗೆ ಮಾಡಿಕೊಂಡು ಬಿದಿರಿನ ಸಂದಿಗೆ ಸುತ್ತಿ ಬಿಗಿಯುತ್ತಾರೆ. ಒಣಗಿದಂತೆ ಕಟ್ಟು ಇನ್ನಷ್ಟು ಗಟ್ಟಿಯಾಗುತ್ತದೆ. ಒಬ್ಬರು ಮೇಲಿಂದ ತುದಿ ಹಿಡಿದು ಎಳೆಯುವಾಗ ಕೆಳಗಿನವರು ಮೊಣಕಾಲು ಊರಿ ಒತ್ತಿಹಿಡಿಯಬೇಕು. ಕಟ್ಟು ಸಡಿಲವಾದರೆ ಇಡೀ ಮೇಲ್ಭಾಗ ವಾಲುತ್ತದೆ. ರಥ ಎಳೆಯುವುದೂ ಹಗ್ಗದಿಂದಲ್ಲ, ಉದ್ದದ ಬೆತ್ತಗಳಿಂದ. ತೇರು ಮುಗಿದ ಮೇಲೆ ಆ ಬೆತ್ತದ ತುಂಡನ್ನು ಜನ ಪ್ರಸಾದವೆಂದು ಮನೆಗೆ ಒಯ್ಯುತ್ತಾರೆ. ಕಟ್ಟಿದ್ದು ಬಿಚ್ಚುತ್ತದೆ. ಮರುವರ್ಷ ಬೇರೆ ಬಿದಿರು, ಬೇರೆ ಬೆತ್ತ, ಕೆಲವೊಮ್ಮೆ ಬೇರೆ ಕೈಗಳು. ರಥ ಅದೇ.

ಅಡಿಭಾಗವಾದರೂ ಅದೇ ಅಲ್ಲವೇ ಎಂದು ಕೇಳಬಹುದು. 2019ರಲ್ಲಿ ಅದೂ ಬದಲಾಯಿತು. ಸುಮಾರು ನಾಲ್ಕು ಶತಮಾನ ಹಳೆಯದೆಂದು ಹೇಳುತ್ತಿದ್ದ ಬ್ರಹ್ಮರಥದ ಜಾಗಕ್ಕೆ ಕೋಟೇಶ್ವರದ ರಥಶಿಲ್ಪಿಗಳು ಹೊಸದನ್ನು ಮಾಡಿಕೊಟ್ಟರು. ಕುಂದಾಪುರ ಕಡೆಯಿಂದ ಲಾರಿಯ ಮೇಲೆ ಅದು ಘಟ್ಟದ ಬುಡಕ್ಕೆ ಬರುವಾಗ ದಾರಿಯುದ್ದಕ್ಕೂ ಜನ ನಿಂತು ಕೈಮುಗಿದರು. ಆ ವರ್ಷದ ಷಷ್ಠಿಗೆ ದೇವರು ಹೊಸದನ್ನು ಏರಿದರು. ಅಲ್ಲಿಗೆ ಹಲಗೆ ಬಿದಿರು ಬೆತ್ತ ಎಲ್ಲವೂ ಬೇರೆ. ಹೆಸರು ಮಾತ್ರ ಒಂದು ದಿನವೂ ತಡವಾಗದೆ ಹೊಸದಕ್ಕೆ ಬಂತು.

ರಥದ ಒಗಟು ಭಾರತಕ್ಕೆ ಹೊಸದಲ್ಲ. ಯವನ ದೊರೆ ಮಿಲಿಂದನಿಗೆ ಭಿಕ್ಷು ನಾಗಸೇನ ಕೇಳಿದ ಪ್ರಶ್ನೆಯೂ ಇದೇ. ನೀನು ನಡೆದು ಬಂದೆಯೋ ರಥದಲ್ಲಿ ಬಂದೆಯೋ? ರಥದಲ್ಲಾದರೆ, ಮೂಕಿಯೇ ರಥವೇ? ಅಚ್ಚು ರಥವೇ? ಚಕ್ರ ರಥವೇ? ಯಾವುದೂ ಅಲ್ಲ, ಎಲ್ಲ ಸೇರಿದ್ದೂ ಅಲ್ಲ, ಬಿಟ್ಟದ್ದೂ ಅಲ್ಲ. ರಥವೆನ್ನುವುದು ಬಿಡಿಭಾಗಗಳನ್ನು ಆಶ್ರಯಿಸಿ ನಾವು ಇಟ್ಟುಕೊಂಡ ವ್ಯವಹಾರದ ಹೆಸರು ಎಂಬಲ್ಲಿಗೆ ಅವನು ದೊರೆಯನ್ನು ತಂದು ನಿಲ್ಲಿಸುತ್ತಾನೆ. ನ್ಯಾಯ-ವೈಶೇಷಿಕರು ಇದಕ್ಕೆ ತದ್ವಿರುದ್ಧ: ಅವಯವಿ ಎಂಬುದು ಅವಯವಗಳಿಂದ ಬೇರೆಯಾದ ನಿಜವಾದ ವಸ್ತು. ಆದರೆ ಆ ನಿಲುವಿಗೆ ಅವರು ತೆತ್ತ ಬೆಲೆ ದೊಡ್ಡದು. ಬಟ್ಟೆಯಿಂದ ಒಂದು ನೂಲು ಕಿತ್ತರೂ ಹಳೆಯ ಬಟ್ಟೆ ನಾಶವಾಗಿ ಹೊಸ ಬಟ್ಟೆ ಹುಟ್ಟಿತೆಂದು ಅವರು ಒಪ್ಪಲೇಬೇಕಾಯಿತು. ಅವರ ಪ್ರಕಾರ ಷಷ್ಠಿಯ ದಿನ ರಥಬೀದಿಯಲ್ಲಿ ಒಂದು ಬೆತ್ತ ಹರಿದರೆ ಆ ಕ್ಷಣಕ್ಕೆ ದೇವರು ಬೇರೆ ರಥದಲ್ಲಿ ಕೂತಿರುತ್ತಾರೆ.

ದೇವಸ್ಥಾನದ ಪಕ್ಕದಲ್ಲಿಯೇ ಇರುವ ಸುಬ್ರಹ್ಮಣ್ಯ ಮಠ ಮಧ್ವಾಚಾರ್ಯರ ತಮ್ಮ ವಿಷ್ಣುತೀರ್ಥರ ಪರಂಪರೆಯದು. ಈ ಪ್ರಶ್ನೆಗೆ ಮಾಧ್ವರ ಉತ್ತರ ಹೆಚ್ಚು ಸೂಕ್ಷ್ಮವೆಂದು ನನಗನಿಸುತ್ತದೆ. ವಸ್ತು ಇರುವಷ್ಟು ಕಾಲವೂ ಅದರೊಂದಿಗೆ ಇರುವ ಧರ್ಮಗಳು ಕೆಲವು. ಇವುಗಳಿಗೆ ವಸ್ತುವಿನೊಂದಿಗೆ ಅಭೇದ. ವಸ್ತು ಇರುವಾಗಲೇ ಬಂದು ಹೋಗುವಂಥವು ಬೇರೆ ಕೆಲವು. ಇವುಗಳಿಗೆ ಭೇದವೂ ಹೌದು, ಅಭೇದವೂ ಹೌದು. ಬಟ್ಟೆಗೂ ನೂಲಿಗೂ ಈ ಎರಡನೆಯ ಬಗೆಯ ಸಂಬಂಧ. ಬೆತ್ತ ರಥದಲ್ಲಿರುವಾಗ ರಥವೇ; ಭಕ್ತರ ಕೈಗೆ ಬಂದ ಮೇಲೆ ಬೆತ್ತ. ಹಾಗಾದರೆ ರಥದೊಂದಿಗೆ ಕೊನೆಯವರೆಗೂ ಇರುವ, ಬಿಟ್ಟುಹೋಗದ ಧರ್ಮ ಯಾವುದು ಎಂಬ ಪ್ರಶ್ನೆ ತಾನಾಗಿ ಏಳುತ್ತದೆ. ಮರವಲ್ಲ, ಬಿದಿರಲ್ಲ. ಆಕಾರವೂ ಅಲ್ಲ, ಹೊಸ ರಥದ ಕೆತ್ತನೆ ಹಳೆಯದರ ಪಡಿಯಚ್ಚೇನೂ ಆಗಬೇಕಿಲ್ಲ. ಉಳಿಯುವುದು ಒಂದೇ: ಷಷ್ಠಿಗೆ ಮುಂಚೆ ಇದನ್ನು ಕಟ್ಟಲೇಬೇಕಾದವರು ಇದ್ದಾರೆ, ಅವರು ಕಟ್ಟಿದ್ದನ್ನು ಊರು ಎಳೆಯಲೇಬೇಕು. ಈ ಹೊಣೆ ಇರುವ ತನಕ ರಥ ಇದೆ, ವರ್ಷದ ಹನ್ನೊಂದು ತಿಂಗಳು ಬಿಚ್ಚಿಟ್ಟಿದ್ದರೂ ಇದೆ.

ಹದಿನೇಳನೆಯ ಶತಮಾನದಲ್ಲಿ ಥಾಮಸ್ ಹಾಬ್ಸ್ ಹಡಗಿನ ಒಗಟಿಗೆ ಇನ್ನೊಂದು ಗಂಟು ಹಾಕಿದ. ತೆಗೆದು ಹಾಕಿದ ಹಳೆಯ ಹಲಗೆಗಳನ್ನೆಲ್ಲ ಒಬ್ಬ ಕೂಡಿಟ್ಟು, ಅದೇ ಕ್ರಮದಲ್ಲಿ ಮತ್ತೆ ಜೋಡಿಸಿದರೆ? ಎರಡು ಹಡಗು, ಎರಡಕ್ಕೂ ಹಕ್ಕು. ಹಳೆಯ ಬ್ರಹ್ಮರಥದ ಪಕ್ಕ ಹೊಸದನ್ನು ನಿಲ್ಲಿಸಿ ಕೇಳಿದರೆ ಊರವರು ಹೆಚ್ಚು ಯೋಚಿಸುವುದಿಲ್ಲ. ದೇವರು ಏರುವುದು ಯಾವುದೋ ಅದು ಬ್ರಹ್ಮರಥ, ಇನ್ನೊಂದು ಹಳೆಯ ಬ್ರಹ್ಮರಥ. ಆದರೂ ಹಳೆಯದನ್ನು ಸೌದೆಗೆ ಹಾಕಿ ಎಂದರೆ ಯಾರೂ ಒಪ್ಪಲಾರರು. ನನ್ನ ವಾದಕ್ಕೆ ಇದು ನಿಜವಾದ ಅಡ್ಡಿ. ಹೊಣೆಯೆಲ್ಲ ಹೊಸದಕ್ಕೆ ಹೋಗಿದ್ದರೆ ಹಳೆಯ ಮರಕ್ಕೆ ಯಾಕೆ ಈ ಗೌರವ?

ಯಾಕೆಂದರೆ ಮರ ಸಾಕ್ಷಿ. ಯಾವ ಉಳಿ ಎಲ್ಲಿ ತಾಗಿತು, ಎಷ್ಟು ತಲೆಮಾರಿನ ಅಂಗೈ ಯಾವ ಮೂಲೆಯನ್ನು ಸವೆಸಿತು, ಎಲ್ಲಿ ಎಣ್ಣೆಯ ಜಿಡ್ಡು ಕಪ್ಪಾಗಿ ಕೂತಿತು ಎಂಬುದಕ್ಕೆ ಆ ಮರವಲ್ಲದೆ ಇನ್ನೊಂದು ಉತ್ತರ ಹೇಳದು. 'ಏನಾಗಿತ್ತು' ಎಂದು ಕೇಳಿದರೆ ಹಳೆಯ ಮರವೇ ಅದೇ ರಥ. 'ಏನು ಮಾಡಬೇಕು' ಎಂದು ಕೇಳಿದರೆ ಹೊಸ ರಥವೇ ಅದೇ ರಥ. ಇವು ಎರಡು ಬೇರೆ ಪ್ರಶ್ನೆಗಳು. ಎರಡಕ್ಕೂ ಒಂದೇ ಉತ್ತರ ಬೇಕೆಂದು ಹಟ ಹಿಡಿದಾಗ ವಿರೋಧಾಭಾಸ ಕಾಣಿಸುತ್ತದೆ. ಪುರಿಯಲ್ಲಿ ಮೂರು ರಥಗಳನ್ನೂ ಪ್ರತಿವರ್ಷ ಹೊಸದಾಗಿಯೇ ಮಾಡುತ್ತಾರೆ. 2015ರ ನವಕಲೇವರದಲ್ಲಿ ಮೂರ್ತಿಗಳೇ ಹೊಸವಾದವು. ಜಪಾನಿನ ಇಸೆ ದೇವಾಲಯವನ್ನು ಇಪ್ಪತ್ತು ವರ್ಷಕ್ಕೊಮ್ಮೆ ಪಕ್ಕದ ನಿವೇಶನದಲ್ಲಿ ಹೊಸದಾಗಿ ಕಟ್ಟುತ್ತಾರೆ, ಕೊನೆಯ ಸಲ 2013ರಲ್ಲಿ. ನಮ್ಮ ಕರಾವಳಿಯ ಯಾವ ದೇವಸ್ಥಾನದ ಜೀರ್ಣೋದ್ಧಾರದಲ್ಲಾದರೂ ಬಾಲಾಲಯಕ್ಕೆ ದೇವರ ಸಾನ್ನಿಧ್ಯವನ್ನು ಸಾಗಿಸಿ, ಗುಡಿಯನ್ನು ಬುಡದಿಂದ ಕಟ್ಟಿ, ಬ್ರಹ್ಮಕಲಶದ ದಿನ ಮರಳಿ ತರುತ್ತಾರೆ. ಎಲ್ಲ ಕಡೆಯೂ ಇದೇ ಎರಡು ಪ್ರಶ್ನೆಗಳನ್ನು ಬೇರೆ ಬೇರೆಯಾಗಿ ನಿಭಾಯಿಸಿದ್ದಾರೆ.

ಇನ್ನು ಮಣ್ಣಿನ ಒಗಟು. ಕ್ರಿ.ಪೂ. ನಾಲ್ಕನೆಯ ಶತಮಾನದ ಯೂಬ್ಯುಲಿಡಿಸ್‌ನದೆಂದು ಹೇಳುವ ರಾಶಿಯ ವಿರೋಧಾಭಾಸ ಇದು. ಧಾನ್ಯದ ರಾಶಿಯಿಂದ ಒಂದು ಕಾಳು ತೆಗೆದರೆ ರಾಶಿ ರಾಶಿಯೇ. ಇನ್ನೊಂದು ತೆಗೆದರೂ ರಾಶಿಯೇ. ಒಂದು ಕಾಳಿನಿಂದ ರಾಶಿ ಅಲ್ಲವಾಗುವುದು ಸಾಧ್ಯವಿಲ್ಲವಾದರೆ ಕೊನೆಗೆ ಒಂದೇ ಕಾಳು ಉಳಿದಾಗಲೂ ಅದು ರಾಶಿಯೇ ಆಗಬೇಕು. ಕುಕ್ಕೆಯಲ್ಲಿ ಜಾತ್ರೆಯ ದಿನಗಳಲ್ಲಿ ವರ್ಷಕ್ಕೊಮ್ಮೆ ಗರ್ಭಗುಡಿಯ ಹುತ್ತದ ಮಣ್ಣನ್ನು ತೆಗೆದು ಮೂಲಮೃತ್ತಿಕಾ ಪ್ರಸಾದವಾಗಿ ಹಂಚುತ್ತಾರೆ. ಚಿಟಿಕೆ ಚಿಟಿಕೆಯಾಗಿ ಎಷ್ಟು ತಲೆಮಾರುಗಳಿಂದ ಹೋಗಿದೆ!

ಹುತ್ತ ಮತ್ತು ರಾಶಿ ಒಂದಲ್ಲ ಎಂಬುದು ತೋಟದಲ್ಲಿ ಓಡಾಡುವ ಯಾರಿಗೂ ಗೊತ್ತು. ಅಡಿಕೆ ತೋಟದ ಬದುವಿನಲ್ಲಿ ಹುತ್ತದ ತುದಿಯನ್ನು ಸಂಜೆ ಹಾರೆಯಿಂದ ತಟ್ಟಿ ಮುರಿದು, ಬೆಳಗ್ಗೆ ಹೋಗಿ ನೋಡಬೇಕು. ಮುರಿದ ಬಾಯಿಯ ಸುತ್ತ ಕಡುಬಣ್ಣದ ಒದ್ದೆ ಮಣ್ಣಿನ ಅಂಚು ಎದ್ದಿರುತ್ತದೆ, ಬೆರಳಿಟ್ಟರೆ ತಣ್ಣಗೆ. ಹತ್ತಿರದಿಂದ ನೋಡಿದರೆ ಅದು ಒಂದೇ ಹಿಡಿ ಮಣ್ಣಲ್ಲ, ಸಾಸಿವೆಗಿಂತ ಸಣ್ಣ ಉಂಡೆಗಳ ಸಾಲು. ಒಂದೊಂದು ಉಂಡೆಯನ್ನೂ ಒಂದೊಂದು ಗೆದ್ದಲು ಬಾಯಲ್ಲಿ ಹೊತ್ತು, ಎಂಜಲಿನಿಂದ ಅಂಟಿಸಿದ್ದು. ಅಂಟಿಸಿದ ಹುಳುವಿನ ಆಯುಷ್ಯ ಹುತ್ತದ ಆಯುಷ್ಯದ ಮುಂದೆ ಏನೇನೂ ಅಲ್ಲ. ಹುತ್ತ ಎಷ್ಟು ಸವೆದರೆ ಹುತ್ತವಲ್ಲ ಎಂಬ ಪ್ರಶ್ನೆಗೆ ಮಣ್ಣನ್ನು ತೂಗಿ ಉತ್ತರ ಹೇಳಲಾಗದು. ಮರಳಿ ಮಣ್ಣು ಹೊರುವವರು ಇರುವ ತನಕ ಅದು ಹುತ್ತ. ಅವರು ಬಿಟ್ಟುಹೋದ ದಿನದಿಂದ, ಒಂದು ಕಣ ಉದುರದಿದ್ದರೂ, ಬರೀ ಮಣ್ಣಿನ ದಿಬ್ಬ.

ರಾಶಿಯ ಒಗಟು ಕಾಲಕ್ಕೂ ಹತ್ತುತ್ತದೆ. ಒಂದು ದಿನ ಕಳೆದ ಮಾತ್ರಕ್ಕೆ ಸಾಲ ತೀರುವುದಿಲ್ಲ. ಹಾಗಾದರೆ ಎಂದಿಗೂ ತೀರುವುದಿಲ್ಲವೇ? ಕಾನೂನು ಒಂದು ಗೆರೆ ಎಳೆಯುತ್ತದೆ. 1963ರ ಕಾಲಮಿತಿ ಕಾಯ್ದೆಯಂತೆ ಖಾಸಗಿ ಜಮೀನಿನ ಸ್ವಾಧೀನ ಕೇಳಲು ಹನ್ನೆರಡು ವರ್ಷ, ಸರಕಾರಕ್ಕಾದರೆ ಮೂವತ್ತು. ಹನ್ನೆರಡು ವರ್ಷ ತುಂಬುವ ಹಿಂದಿನ ದಿನ ಇದ್ದ ಹಕ್ಕು ಮರುದಿನ ಇಲ್ಲ. ಕೋರ್ಟಿಗೆ ಈ ಗೆರೆ ಬೇಕು. ಮನಸ್ಸಾಕ್ಷಿಗೆ ಅಂಥ ಗೆರೆಯಿಲ್ಲ ಎಂಬುದಕ್ಕೆ ಕುಕ್ಕೆಯಲ್ಲಿ ನಿತ್ಯವೂ ನಡೆಯುವ ಸರ್ಪಸಂಸ್ಕಾರ ಸಾಕ್ಷಿ.

ಸರ್ಪಸಂಸ್ಕಾರವನ್ನು ದೋಷಪರಿಹಾರದ ಪಟ್ಟಿಯಲ್ಲಿ ಒಂದೆಂದು ಮಾತ್ರ ನೋಡಿದರೆ ಅದರೊಳಗಿನ ವಿಚಾರ ಕೈತಪ್ಪಿಹೋಗುತ್ತದೆ. ಈ ಜನ್ಮದಲ್ಲೋ ಹಿಂದಿನದರಲ್ಲೋ, ತಾನೋ ತನ್ನ ಹಿರಿಯರೋ, ತಿಳಿದೋ ತಿಳಿಯದೆಯೋ ಕೊಂದಿರಬಹುದಾದ ಒಂದು ಹಾವಿಗೆ ಮಾಡುವ ಉತ್ತರಕ್ರಿಯೆ ಅದು. ಹಿಟ್ಟಿನಿಂದ ಸರ್ಪದ ಆಕೃತಿ ಮಾಡಿ, ಮನುಷ್ಯನ ಶವಕ್ಕೆ ಮಾಡುವಂತೆಯೇ ದಹನ ಮಾಡುತ್ತಾರೆ. ಮನೆಯವರಿಗೆ ಸೂತಕ ಇದ್ದಂತೆ ನಿಯಮ. ಎರಡು ದಿನದ ಕೆಲಸ, ನಾಗಪ್ರತಿಷ್ಠೆಯೊಂದಿಗೆ ಮುಗಿಯುತ್ತದೆ.

ಇಂಗ್ಲಿಷ್ ತತ್ತ್ವಜ್ಞಾನಿ ಜಾನ್ ಲಾಕ್ 1694ರಲ್ಲಿ ತನ್ನ ಗ್ರಂಥದ ಎರಡನೆಯ ಆವೃತ್ತಿಗೆ ಸೇರಿಸಿದ ಅಧ್ಯಾಯವೊಂದರಲ್ಲಿ, ವ್ಯಕ್ತಿಯ ಗುರುತು ಇರುವುದು ನೆನಪಿನಲ್ಲಿ ಎಂದ. ರಾಜಕುಮಾರನ ನೆನಪೆಲ್ಲ ಚಪ್ಪಲಿ ಹೊಲಿಯುವವನ ದೇಹಕ್ಕೆ ಬಂದರೆ ಆ ದೇಹದಲ್ಲಿರುವವನು ರಾಜಕುಮಾರನೇ. ಅವನ ಕೆಲಸಗಳಿಗೆ ಹೊಣೆಯೂ ಅವನೇ. ನೆನಪಿಲ್ಲದ್ದಕ್ಕೆ ಶಿಕ್ಷೆ ಕೊಡುವುದು ಬೇರೆಯವನಿಗೆ ಶಿಕ್ಷೆ ಕೊಟ್ಟಂತೆ. ಈ ಅಳತೆಗೋಲಿನಲ್ಲಿ ಸರ್ಪಸಂಸ್ಕಾರ ಅರ್ಥಹೀನ: ನೆನಪಿಲ್ಲ, ದೇಹ ಅದಲ್ಲ, ಕೊಂದದ್ದೇ ಖಚಿತವಿಲ್ಲ. ಆದರೂ ಬೆಂಗಳೂರಿನಿಂದ ಬಂದ ಯಾರೋ ಒಬ್ಬರು ಒದ್ದೆ ಪಂಚೆಯಲ್ಲಿ ಕೂತು, ಆ ಸಾವು ನನ್ನ ಮನೆಯದು ಎನ್ನುತ್ತಾರೆ. ಇದನ್ನು ಮೂಢನಂಬಿಕೆ ಎಂದು ತಳ್ಳಿಹಾಕುವ ಮೊದಲು ಸುತ್ತಲಿನ ನೆಲವನ್ನು ಒಮ್ಮೆ ನೋಡಬೇಕು. ಸುಳ್ಯ, ಕಡಬ, ಪುತ್ತೂರಿನ ಅಡಿಕೆ ತೋಟ, ರಬ್ಬರ್ ತೋಟ ಎಲ್ಲವೂ ಒಂದು ಕಾಲಕ್ಕೆ ಕಾಡು. ಕಡಿದು, ಸುಟ್ಟು, ಅಗೆದು ಸಮ ಮಾಡಿದ ನೆಲ. ಅಲ್ಲಿ ಹಾವು ಸಾಯದೆ ತೋಟ ಎದ್ದಿರುವುದಕ್ಕೆ ಸಾಧ್ಯವೇ ಇಲ್ಲ. ಈಗಲೂ ಗುಡ್ಡೆಗೆ ಜೆಸಿಬಿ ಹತ್ತಿದಾಗ ಏನೇನು ಸಾಯುತ್ತದೆಂದು ನೋಡಿದವರಿಗೆ ಗೊತ್ತು. ಅಜ್ಜ ಕೊಂದ ಹಾವು ಮೊಮ್ಮಗನಿಗೆ ನೆನಪಿರಬೇಕಿಲ್ಲ. ಅಜ್ಜ ಮಾಡಿದ ತೋಟದ ಅಡಿಕೆ ಅವನು ಮಾರುತ್ತಿದ್ದಾನೆ. ಫಸಲು ನನ್ನದು, ಹಾವು ಅಜ್ಜನದು ಎಂದು ಲೆಕ್ಕ ಬೇರೆ ಮಾಡಲು ಬರುವುದಿಲ್ಲ.

ಇಲ್ಲಿ ನನಗೆ ಒಂದು ಅಳತೆ ಸಿಗುತ್ತದೆ. ಒಂದು ಕೆಲಸದ ಲಾಭ ಯಾರ ಕೈಗೆ ಹರಿದು ಬಂದಿದೆಯೋ ಅದರ ಋಣವೂ ಅವರ ಹೆಸರಿಗೇ. ನೆನಪು ಬೇಕಿಲ್ಲ, ದೇಹ ಒಂದೇ ಆಗಬೇಕಿಲ್ಲ. ಇದನ್ನು ಬಿಟ್ಟು, ಹೊಣೆಯೇ ಗುರುತು ಎಂದು ಸುಮ್ಮನೆ ಹೇಳಿದರೆ ಅಪಾಯವಿದೆ. ಯಾರ ಮೇಲೆ ಏನನ್ನು ಬೇಕಾದರೂ ಹೊರಿಸಬಹುದು; ನಮ್ಮ ಸಮಾಜ ಹೊರಿಸಿಯೂ ಇದೆ.

ರಥ ಕಟ್ಟುವವರನ್ನೇ ನೋಡಿ. 2011ರ ಷಷ್ಠಿಯ ಹೊತ್ತಿಗೆ, ಬ್ರಾಹ್ಮಣರು ಉಂಡೆದ್ದ ಎಲೆಗಳ ಮೇಲೆ ಉರುಳುವ ಮಡೆಸ್ನಾನಕ್ಕೆ ತಡೆ ಬಂದಾಗ ಮಲೆಕುಡಿಯರಲ್ಲಿ ಹಲವರು, ಹಾಗಾದರೆ ರಥ ಕಟ್ಟುವುದಿಲ್ಲ ಎಂದರು. ತಡೆ ಸಡಿಲವಾಯಿತು. 2014ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟ್ ಆ ಉರುಳುವಿಕೆಯನ್ನು ತಡೆಹಿಡಿಯಿತು. ಸ್ವಂತ ಇಚ್ಛೆಯಿಂದ ಉರುಳುತ್ತೇವೆ ಎಂದವರ ಮಾತನ್ನು ನಾನು ಹಗುರವಾಗಿ ಕಾಣುವುದಿಲ್ಲ. ಆದರೆ 1859ರಲ್ಲಿಯೇ ಜಾನ್ ಸ್ಟುವರ್ಟ್ ಮಿಲ್ ಹೇಳಿದ್ದಿದೆ: ಸ್ವಾತಂತ್ರ್ಯದ ಹೆಸರಿನಲ್ಲಿ ತನ್ನನ್ನು ತಾನೇ ಗುಲಾಮನಾಗಿ ಮಾರಿಕೊಳ್ಳಲು ಬರುವುದಿಲ್ಲ. ಒಬ್ಬರ ಎಂಜಲಿನಿಂದ ಇನ್ನೊಬ್ಬರ ಮೈ ಶುದ್ಧವಾಗುತ್ತದೆ ಎಂಬ ಹರಕೆಯಲ್ಲಿ ಕೊಡುಕೊಳ್ಳುವಿಕೆ ಇಲ್ಲ, ಮೇಲು ಕೀಳು ಮಾತ್ರ ಇದೆ. ಕೋರ್ಟಿನ ತಡೆ ಸರಿಯೆಂದೇ ನಾನು ತಿಳಿದಿದ್ದೇನೆ. ಆದರೆ 2011ರ ಆ ಷಷ್ಠಿಯಲ್ಲಿ ಇನ್ನೊಂದು ವಿಷಯವೂ ಹೊರಗೆ ಬಂತು. ಕಟ್ಟುವವರು ಕೈ ಕಟ್ಟಿ ಕೂತರೆ ಮರ, ಬಿದಿರು, ದುಡ್ಡು, ಭಕ್ತರು ಎಲ್ಲ ಇದ್ದೂ ರಥವಿಲ್ಲ. ರಥದ ಗುರುತು ಯಾರ ಕೈಯಲ್ಲಿದೆಯೆಂದು ಇಡೀ ರಾಜ್ಯಕ್ಕೆ ತಿಳಿಯಿತು.

ಹಾಗಿದ್ದರೆ ಲಾಭ? ಅರಣ್ಯ ಹಕ್ಕು ಕಾಯ್ದೆ 2006ರಲ್ಲಿ ಬಂದಾಗ ಅದರ ಕಿರು ಅರಣ್ಯ ಉತ್ಪನ್ನದ ವಿವರಣೆಯಲ್ಲಿ ಬಿದಿರು, ಬೆತ್ತ ಎರಡನ್ನೂ ಹೆಸರು ಹಿಡಿದು ಸೇರಿಸಿದರು. ಕಾಗದದಲ್ಲಿ ಅದು ಬುಡಕಟ್ಟಿನವರ ಹಕ್ಕು. ಕಾಡಂಚಿನ ಮಲೆಕುಡಿಯ ಮನೆಗಳಿಗೆ ಹಕ್ಕುಪತ್ರ, ರಸ್ತೆ, ಕರೆಂಟು ಬರುವುದು ಮಾತ್ರ ಇಂದಿಗೂ ಹೋರಾಟದ ವಿಷಯ. ವರ್ಷಕ್ಕೊಮ್ಮೆ ರಥದ ಮುಂದೆ ಮರ್ಯಾದೆ, ಉಳಿದ ದಿನ ಕಚೇರಿಯ ಮುಂದೆ ಸಾಲು. ಇಲ್ಲಿ ಋಣ ಹೊತ್ತವರು ಒಂದು ಕಡೆ, ಲಾಭ ಉಂಡವರು ಇನ್ನೊಂದು ಕಡೆ. ನನ್ನ ಅಳತೆಯಲ್ಲಿ ಊರು ಅವರಿಗೆ ಬಾಕಿ ಇದೆ.

ಈ ಅಳತೆಗೆ ಕಠಿಣವಾದ ಪರೀಕ್ಷೆ ಕುಕ್ಕೆಯಿಂದ ಸ್ವಲ್ಪ ಆಚೆ ಇದೆ. ಕೊಕ್ಕಡ, ಪಟ್ರಮೆ, ನಿಡ್ಲೆ ಕಡೆಯ ಗುಡ್ಡೆಗಳಲ್ಲಿ ಕರ್ನಾಟಕ ಗೇರು ಅಭಿವೃದ್ಧಿ ನಿಗಮದ ತೋಟಗಳಿವೆ. ಸುಮಾರು 2000ದವರೆಗೆ, ಎರಡು ದಶಕದಷ್ಟು ಕಾಲ, ಗೇರಿನ ಹೂವಿಗೆ ಬರುವ ಕೀಟಕ್ಕೆಂದು ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸಿಂಪಡಿಸಿದರು. ಗಡಿಯಾಚೆ ಕಾಸರಗೋಡಿನಲ್ಲಿ ಕೇರಳ ಪ್ಲಾಂಟೇಶನ್ ಕಾರ್ಪೊರೇಶನ್ ಅದೇ ಕೆಲಸ ಮಾಡಿತು. ಬಾವಿ, ತೋಡು, ಸುರಂಗದ ನೀರು ಎಲ್ಲದಕ್ಕೂ ಅದು ಬಿತ್ತು. ಕೈಕಾಲು ಸೊಟ್ಟಗಾದ, ಮಾತು ಬಾರದ, ಅಪಸ್ಮಾರದ ಮಕ್ಕಳು ಹುಟ್ಟಿದರು. ಎಣ್ಮಕಜೆ ಪಂಚಾಯತಿನ ಪಡ್ರೆಯಲ್ಲಿ ಮೊದಮೊದಲು ಜನ ಅದನ್ನು ಜಟಾಧಾರಿ ದೈವದ ಮುನಿಸು ಎಂದುಕೊಂಡಿದ್ದರು. ಹಿಂದಿನ ಜನ್ಮದ ಪಾಪ, ನಾಗದೋಷ ಎಂಬ ಮಾತುಗಳೂ ತಾಯಂದಿರ ಕಿವಿಗೆ ಬೀಳದೆ ಇರಲಿಲ್ಲ. ಅದೇ ಊರಿನ ವೈದ್ಯ ಡಾ. ವೈ.ಎಸ್. ಮೋಹನ ಕುಮಾರ್, ಪತ್ರಕರ್ತ ಶ್ರೀ ಪಡ್ರೆ ಇವರೆಲ್ಲ ದಾಖಲೆ ಮಾಡುತ್ತಾ, ಬರೆಯುತ್ತಾ ಹೋದ ಮೇಲೆ ಬೆರಳು ಆಕಾಶದ ಕಡೆಗೆ ತಿರುಗಿತು.

ಋಣವನ್ನು ಹೊರಿಸುವುದು ಎಂದರೆ ಇದು. ಆ ತಾಯಿಗೆ ಗೇರುಬೀಜದ ಒಂದು ಕಾಸೂ ಬಂದಿರಲಿಲ್ಲ. ಹಿಂದಿನ ಜನ್ಮದಿಂದ ಆ ಮಗುವಿಗೆ ತೋಟವೂ ಬಂದಿರಲಿಲ್ಲ, ಮನೆಯೂ ಬಂದಿರಲಿಲ್ಲ. ಬರೀ ಪಾಪ ಮಾತ್ರ ಜನ್ಮ ದಾಟಿ ಬಂತೆನ್ನುವ ಲೆಕ್ಕವನ್ನು ಯಾವ ಧರ್ಮಶಾಸ್ತ್ರದ ಹೆಸರಿನಲ್ಲಿಯೂ ಒಪ್ಪಲಾರೆ. ಸರ್ಪಸಂಸ್ಕಾರಕ್ಕೆ ಕೂತವರು ಹೊಣೆಯನ್ನು ತಾವಾಗಿ ತೆಗೆದುಕೊಳ್ಳುತ್ತಾರೆ, ಅದರಲ್ಲಿ ಘನತೆಯಿದೆ. ಅದೇ ವಿಚಾರವನ್ನು ಇನ್ನೊಬ್ಬರ ಮಗುವಿನ ಮೇಲೆ ಹಾಕಿದಾಗ ಅದು ಕ್ರೌರ್ಯ.

ಮತ್ತೊಂದು ಕಡೆಯಿಂದ ಥೀಸಿಯಸನ ಹಡಗು ಬಂದೇ ಬರುತ್ತದೆ. ಸಿಂಪಡಿಸಲು ಆದೇಶ ಕೊಟ್ಟ ಅಧಿಕಾರಿಗಳು ನಿವೃತ್ತರಾದರು, ಕೆಲವರು ತೀರಿಕೊಂಡರು. ಮಂತ್ರಿಗಳು, ಸರಕಾರಗಳು ಎಷ್ಟೋ ಸಲ ಬದಲಾದವು. ನಿಗಮದ ಕುರ್ಚಿಗಳಲ್ಲಿ ಇರುವವರಲ್ಲಿ ಅಂದು ಇದ್ದವರು ಯಾರೂ ಇಲ್ಲ. ಹಲಗೆಯೆಲ್ಲ ಬೇರೆ. 'ನಾವು ಮಾಡಿದ್ದಲ್ಲ' ಎಂದು ಇಂದಿನವರು ಹೇಳಿದರೆ ನಾಗಸೇನನ ತರ್ಕದಲ್ಲಿ ಅದಕ್ಕೆ ಆಧಾರ ಸಿಕ್ಕೀತು, ಲಾಕ್‌ನ ತರ್ಕದಲ್ಲಂತೂ ಖಂಡಿತ ಸಿಗುತ್ತದೆ. ಆದರೆ ನಿಗಮದ ಹೆಸರು ಅದೇ, ಗುಡ್ಡೆ ಅದೇ, ಮರಗಳ ಫಸಲು ಹೋಗುವ ಖಾತೆ ಅದೇ. ಹೆಸರಿನ ಲಾಭ ಮುಂದುವರಿಯುವಾಗ ಹೆಸರಿನ ಸಾಲ ನಿಲ್ಲುವುದಿಲ್ಲ. 2011ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ದೇಶದಲ್ಲೆಲ್ಲ ಎಂಡೋಸಲ್ಫಾನ್ ತಡೆದಾಗಲೂ, 2017ರ ಜನವರಿಯಲ್ಲಿ ಕೇರಳದ ಸಂತ್ರಸ್ತರಿಗೆ ತಲಾ ಐದು ಲಕ್ಷ ರೂಪಾಯಿ ಕೊಡಬೇಕೆಂದು ಆದೇಶಿಸಿದಾಗಲೂ ನ್ಯಾಯಾಲಯ ಹಲಗೆಗಳನ್ನು ಎಣಿಸಲಿಲ್ಲ. ಇಲ್ಲಿ ಹೊಣೆಯನ್ನು ಅವರಾಗಿ ಹೊರುವವರೆಗೆ ಕಾಯಬೇಕಿಲ್ಲ, ಹೊರಿಸಲೇಬೇಕು. ತಾಯಿಯ ಮೇಲೆ ಹೊರಿಸುವುದಕ್ಕೂ ನಿಗಮದ ಮೇಲೆ ಹೊರಿಸುವುದಕ್ಕೂ ಇರುವ ವ್ಯತ್ಯಾಸವನ್ನು ಹೇಳಲಾಗದ ಯಾವ ಸಿದ್ಧಾಂತವೂ ನನಗೆ ಬೇಡ.

ಈ ಅಳತೆಗೂ ಮೀರಿದ್ದೊಂದು ಉಳಿಯುತ್ತದೆ. ಕರ್ನಾಟಕ ಸರಕಾರ ಸಂತ್ರಸ್ತರಿಗೆ ಮಾಸಾಶನ ಕೊಡುತ್ತದೆ. ಕೊಕ್ಕಡದಲ್ಲಿ, ಕಡಬ ತಾಲೂಕಿನ ಕೊಯಿಲದಲ್ಲಿ ಹಗಲು ಪಾಲನಾ ಕೇಂದ್ರಗಳು ಬಂದವು. ಸಾಯಂಕಾಲ ಮಕ್ಕಳು ಮನೆಗೆ ಮರಳುತ್ತಾರೆ. ಮಕ್ಕಳೆಂದರೆ ಈಗ ಅವರಲ್ಲಿ ಹಲವರು ದೊಡ್ಡವರು. ಎತ್ತಿ ಮಲಗಿಸುವ ತಾಯಂದಿರಿಗೆ ವಯಸ್ಸಾಗಿದೆ. ಅನ್ನ ಕಲಸಿ ತಿನ್ನಿಸುವಾಗ ಎಷ್ಟು ನುಣ್ಣಗಿರಬೇಕು, ಯಾವ ಮಗ್ಗುಲಿಗೆ ಮಲಗಿಸಿದರೆ ಅಳು ನಿಲ್ಲುತ್ತದೆ ಎಂಬುದು ಯಾವ ಫೈಲಿನಲ್ಲಿಯೂ ಇಲ್ಲ, ಒಬ್ಬಳ ಕೈಯಲ್ಲಿದೆ. ದುಡ್ಡಿನ ಸಾಲವನ್ನು ನಿಗಮದಿಂದ ಸರಕಾರಕ್ಕೆ, ಒಂದು ಸರಕಾರದಿಂದ ಮುಂದಿನದಕ್ಕೆ ದಾಟಿಸಬಹುದು. ಈ ಕೈಗೆಲಸವನ್ನು ಯಾರಿಗೆ ದಾಟಿಸುವುದು? ನಮ್ಮ ನಂತರ ಇವರನ್ನು ನೋಡುವವರು ಯಾರು ಎಂದು ಹೆತ್ತವರು ಕೇಳುತ್ತಲೇ ಬಂದಿದ್ದಾರೆ, ಹಗಲು ರಾತ್ರಿ ಇಟ್ಟುಕೊಳ್ಳುವ ಶಾಶ್ವತ ಪುನರ್ವಸತಿ ಕೇಂದ್ರ ಬೇಕೆಂದು ವರ್ಷಗಳಿಂದ ಬೇಡಿಕೆ ಇಟ್ಟಿದ್ದಾರೆ. ಅಂಥ ಕೇಂದ್ರ ಎಲ್ಲಿ ಬರಬೇಕು, ಅದರ ಖರ್ಚು ಯಾವ ಖಾತೆಯಿಂದ ಹೋಗಬೇಕು ಎಂಬುದರಲ್ಲಿ ನನಗೆ ಸಂದೇಹವಿಲ್ಲ: ಗೇರುಬೀಜದ ಹಣ ಹೋದ ಖಾತೆಯಿಂದ, ಆ ಗುಡ್ಡೆಗಳ ಬುಡದಲ್ಲಿಯೇ, ಆ ತಾಯಂದಿರು ಕಲಿಸಿಕೊಡುವ ಶಕ್ತಿ ಇರುವಾಗಲೇ.